ಕೀಟದ ಸಂಭವನೀಯತೆಯ ಲೆಕ್ಕದಲ್ಲಿ ‘ಹಾವಳಿ’ಯೋ ‘ಉಲ್ಬಣ’ವೋ?

ಮಾನ್ಯರೇ,

ಅಮೆರಿಕ ಖಂಡಗಳ ಮೂಲದ ಫಾಲ್ ಸೈನಿಕ ಹುಳು 2018ರಲ್ಲಿ ನಮ್ಮ ಚಿಕ್ಕಬಳ್ಳಾಪುರ ಜಿಲ್ಲೆಯ ಮುಸುಕಿನ ಜೋಳದಲ್ಲೂ ಕಾಣಿಸಿಕೊಂಡಿತು. ಇಂತಹ ಆಕ್ರಮಣಕಾರಿ ಕೀಟವೊಂದು ಊರಿಗೆ ಬಂದಾಗ ಅದು ಹರಡುವ ಸಂಭವನೀಯತೆಯನ್ನು ವಿಕಲ್ಪಗಳ, ಅಂದರೆ ಕ್ರಮ ನೋಡದೆ ಆರಿಸುವ ಬಗೆಗಳ, ಎಣಿಕೆಯಿಂದ ಅಂದಾಜು ಮಾಡುವ ಪಾಠವನ್ನು ಪದವಿಪೂರ್ವ ವಿದ್ಯಾರ್ಥಿಗಳಿಗಾಗಿ ಬರೆಯುತ್ತಿದ್ದೇನೆ. ಅದರಲ್ಲಿ ‘ಔಟ್‌ಬ್ರೇಕ್’ ಎಂಬುದಕ್ಕೆ ಯಾವ ಪದ ತಕ್ಕದ್ದೆಂದು ತಿಳಿದವರು ಹೇಳಬೇಕಾಗಿ ಕೋರುತ್ತೇನೆ.

ಬಾಧೆ, ಕಾಟ, ಹಾವಳಿ, ಉಲ್ಬಣ ಇವೆಲ್ಲ ಪತ್ರಿಕೆಗಳಲ್ಲಿ ಹೆಚ್ಚುಕಡಿಮೆ ಒಂದೇ ಅರ್ಥದಲ್ಲಿ ಬರುತ್ತವೆ, ಸುದ್ದಿಗೆ ಅದು ಸಾಕು. ಲೆಕ್ಕದಲ್ಲಿ ಹಾಗಲ್ಲ. ಐದು ಹೊಲಗಳಿಗೆ ಈ ಹುಳುವಿನ ಪತಂಗ ಬಂದಿದೆ, ಒಂದೊಂದರಲ್ಲೂ ಅದು ನೆಲೆಯೂರುವ ಸಂಭವನೀಯತೆ 0.1, ಒಂದು ಹೊಲದ ಫಲಿತಾಂಶ ಮತ್ತೊಂದನ್ನು ಅವಲಂಬಿಸಿಲ್ಲ ಎಂದಿಟ್ಟುಕೊಳ್ಳೋಣ. ಎಲ್ಲಿಯೂ ನೆಲೆಯೂರದಿರುವ ಸಂಭವನೀಯತೆ 0.9⁵, ಅಂದರೆ ಸುಮಾರು 0.59. ಐದರಲ್ಲಿ ಒಂದು ಹೊಲವನ್ನು ಆರಿಸುವ ವಿಕಲ್ಪಗಳು 5 ಆದ್ದರಿಂದ, ಒಂದೇ ಒಂದು ಹೊಲದಲ್ಲಿ ನೆಲೆಯೂರುವ ಸಂಭವನೀಯತೆ 5 × 0.1 × 0.9⁴, ಅಂದರೆ ಸುಮಾರು 0.33. ಒಂದು ಹೊಲದಲ್ಲಿ ನೆಲೆಯೂರಿದರೂ ಅದನ್ನು ಹಾವಳಿ ಎನ್ನುವುದಾದರೆ ಉತ್ತರ ಶೇಕಡ 41, ಕನಿಷ್ಠ ಎರಡರಲ್ಲಿ ನೆಲೆಯೂರಿದರೆ ಮಾತ್ರ ಹಾವಳಿ ಎನ್ನುವುದಾದರೆ ಶೇಕಡ 8. ಪತಂಗ ಹೊಲದಿಂದ ಹೊಲಕ್ಕೆ ಹಾರುವುದರಿಂದ ನಿಜದಲ್ಲಿ ಈ ಸ್ವಾತಂತ್ರ್ಯ ಉಳಿಯುವುದಿಲ್ಲ. ಆ ತೊಡಕನ್ನು ಮುಂದಿನ ಪಾಠಕ್ಕೆ ಇರಿಸಿಕೊಂಡಿದ್ದೇನೆ.

ನಮ್ಮ ಕಡೆಯ ರೈತರು ‘ಹುಳ ಬಿದ್ದೈತೆ’ ಎಂದಾಗ ಅದು ತಮ್ಮ ಬೆಳೆಯಲ್ಲಿ ಕಂಡದ್ದರ ಮಾತು, ‘ಹುಳದ ಹಾವಳಿ’ ಎಂದಾಗ ಸುತ್ತಲಿನ ಹೊಲಗಳೂ ಅದರಲ್ಲಿ ಸೇರಿರುತ್ತವೆ. ಉಲ್ಬಣವೆಂಬುದು ಇರುವ ರೋಗವೋ ಬಾಧೆಯೋ ಇದ್ದಲ್ಲಿಯೇ ತೀವ್ರವಾಗುವುದನ್ನು ಹೇಳುತ್ತದೆಯೇ ಹೊರತು ಎಷ್ಟು ಹೊಲಗಳಿಗೆ ತಾಗಿತು ಎಂಬುದನ್ನಲ್ಲ. ಆದ್ದರಿಂದ ಕೀಟ ಬರುವುದನ್ನು ಪ್ರವೇಶವೆಂದೂ, ಉಳಿದು ಸಂತತಿ ಬೆಳೆಸುವುದನ್ನು ನೆಲೆಯೂರುವಿಕೆಯೆಂದೂ, ಗೊತ್ತುಪಡಿಸಿದ ಸಂಖ್ಯೆಯಷ್ಟು ಅಥವಾ ಅದಕ್ಕೂ ಹೆಚ್ಚು ಹೊಲಗಳಲ್ಲಿ ನೆಲೆಯೂರುವುದನ್ನು ಹಾವಳಿಯೆಂದೂ ಕರೆಯುವುದು ಸರಿಯೆಂದು ನನಗೆ ತೋರುತ್ತದೆ. ‘ಸ್ಫೋಟ’ವನ್ನು ಬಿಟ್ಟಿದ್ದೇನೆ, ಏಕೆಂದರೆ ಅದು ಸಂಖ್ಯೆ ಏರುವ ವೇಗದ ಕಡೆಗೆ ಮನಸ್ಸನ್ನು ಎಳೆಯುತ್ತದೆ.

ಕೋಲಾರ, ತುಮಕೂರು ಕಡೆಯವರ ಮಾತಿನಲ್ಲಿಯೂ ‘ಹಾವಳಿ’ಗೆ ಹಲವು ಹೊಲಗಳೆಂಬ ಈ ಅರ್ಥ ಇದೆಯೇ, ಅಥವಾ ಒಂದೇ ತೋಟದ ಕಾಟಕ್ಕೂ ಆ ಪದ ಸಲ್ಲುತ್ತದೆಯೇ? ಬಳಕೆಯ ವಾಕ್ಯಗಳೊಂದಿಗೆ ತಿಳಿಸಿದರೆ ಪಾಠದ ವ್ಯಾಖ್ಯೆಯನ್ನು ಅದಕ್ಕೆ ತಕ್ಕಂತೆ ಬರೆಯುತ್ತೇನೆ.