‘ಹಿನ್ನೆಲೆ ಸಂಗೀತ’ಕ್ಕೆ ಬೇರೆ ಪದ ಇದೆಯೇ?

ಗೆಳೆಯರೇ,

ಚಲನಚಿತ್ರಗಳಿಗೆ ಸಂಗೀತ ಬರೆದ ಮೊರಿಸ್ ಜಾರ್ ಬಗ್ಗೆ ಕನ್ನಡದಲ್ಲಿ ಒಂದು ಪುಟ್ಟ ಲೇಖನ ಬರೆಯುತ್ತಿದ್ದೇನೆ. 1924ರಲ್ಲಿ ಫ್ರಾನ್ಸಿನ ಲಿಯೋನಿನಲ್ಲಿ ಹುಟ್ಟಿದವರು. ಎಂಜಿನಿಯರಿಂಗ್ ಓದು ಬಿಟ್ಟು ಪ್ಯಾರಿಸ್ಸಿನಲ್ಲಿ ಸಂಗೀತ ಕಲಿತರು. ಅದರಲ್ಲೂ ತಾಳವಾದ್ಯ. ನಿರ್ದೇಶಕ ಡೇವಿಡ್ ಲೀನ್ ಅವರ ‘ಲಾರೆನ್ಸ್ ಆಫ್ ಅರೇಬಿಯಾ’ (1962), ‘ಡಾಕ್ಟರ್ ಜಿವಾಗೋ’ (1965), ‘ಎ ಪ್ಯಾಸೇಜ್ ಟು ಇಂಡಿಯಾ’ (1984) ಈ ಮೂರಕ್ಕೂ ಆಸ್ಕರ್ ಪಡೆದರು. ಮೂರನೆಯ ಚಿತ್ರದ ಗುಹೆ, ಬೆಟ್ಟದ ದೃಶ್ಯಗಳಿಗೆ ಚಿತ್ರತಂಡ ನಮ್ಮ ಸಾವನದುರ್ಗಕ್ಕೇ ಬಂದಿತ್ತು.

ಇವರನ್ನು ‘ಸಂಗೀತ ನಿರ್ದೇಶಕ’ ಅಂದರೆ ನಮ್ಮ ಓದುಗರು ಹಾಡು ಯಾವುದು ಅಂತ ಕೇಳುತ್ತಾರೆ. ಜಿವಾಗೋ ಚಿತ್ರದ ಲಾರಾಳ ಧಾಟಿ ಲೋಕಪ್ರಸಿದ್ಧ, ನಿಜ. ಆದರೆ ಅದಕ್ಕೆ ಪದ ಕೂಡಿಸಿ ಹಾಡು ಮಾಡಿದ್ದು ಆಮೇಲೆ. ‘ಸ್ವರ ಸಂಯೋಜಕ’ ಅಂದರೆ ಭಾವಗೀತೆಗೆ ರಾಗ ಹಾಕಿದವರು ಅನ್ನಿಸುತ್ತದೆ. ಪದ, ಧಾಟಿ ಎರಡನ್ನೂ ಕಟ್ಟುವ ‘ವಾಗ್ಗೇಯಕಾರ’ ಅನ್ನೋಣವೆಂದರೆ ಇಲ್ಲಿ ವಾಕ್ಕೇ, ಅಂದರೆ ಮಾತೇ, ಇಲ್ಲ. ಸದ್ಯಕ್ಕೆ ‘ಸಂಗೀತಕಾರ’ ಎಂದು ಬರೆದುಕೊಂಡಿದ್ದೇನೆ.

ನನಗೆ ಜಾಸ್ತಿ ಕಾಡುತ್ತಿರುವುದು ‘ಹಿನ್ನೆಲೆ ಸಂಗೀತ’. ‘ಲಾರೆನ್ಸ್’ ಶುರುವಾಗುವಾಗ ಸುಮಾರು 4 ನಿಮಿಷ ಪರದೆ ಪೂರ್ತಿ ಕಪ್ಪು. ಮೊದಲು ನಗಾರಿಯಂಥ ವಾದ್ಯದ ಬಡಿತ, ಆಮೇಲೆ ಇಡೀ ವಾದ್ಯವೃಂದ. ಚಿತ್ರವೇ ಇಲ್ಲದ ಕಡೆ ಸಂಗೀತ ಯಾವುದರ ಹಿನ್ನೆಲೆ? ಮರಳುಗಾಡಿನ ದೃಶ್ಯಗಳಲ್ಲೂ ಅಷ್ಟೇ. ಯಾರೂ ಮಾತಾಡುವುದಿಲ್ಲ, ಸಂಗೀತವೇ ಮುಂದೆ ನಿಂತಿರುತ್ತದೆ. ಫ್ರೆಂಚರು ‘ಮ್ಯೂಸಿಕ್ ಒರಿಜಿನಾಲ್’ ಅನ್ನುತ್ತಾರೆ, ಅಂದರೆ ಆ ಚಿತ್ರಕ್ಕೆಂದೇ ಹೊಸದಾಗಿ ಬರೆದ ಸಂಗೀತ. ಅದರಲ್ಲಿ ಹಿಂದೆ, ಮುಂದೆ ಎಂಬ ಮಾತೇ ಬರುವುದಿಲ್ಲ. ನಮ್ಮ ಚಿತ್ರರಂಗದ ‘ರೀರೆಕಾರ್ಡಿಂಗ್’ ಚಿತ್ರಕ್ಕೆ ಸಂಗೀತ ಕೂಡಿಸುವ ಕೆಲಸದ ಹೆಸರಾಯಿತು, ಸಂಗೀತದ ಹೆಸರಲ್ಲ.

ಆ ಬಡಿತ ಕೇಳುವಾಗಲೆಲ್ಲ ನನಗೆ ನೆನಪಾಗುವುದು ಯಕ್ಷಗಾನದ ಆಟಕ್ಕೆ ಮುಂಚೆ, ಆಟವಿದೆ ಎಂದು ಸಾರಲು ‘ಕೇಳಿ’ ಬಡಿಯುವ ಚಂಡೆ, ಮದ್ದಳೆ. ಅಲ್ಲಿಂದಲೇ ‘ಹಿಮ್ಮೇಳ’ ಎಂಬ ಪದ ಹೊಳೆಯಿತು. ಇದರಲ್ಲೂ ‘ಹಿಂದೆ’ ಇದೆ, ಒಪ್ಪುತ್ತೇನೆ. ಆದರೆ ಯಕ್ಷಗಾನದ ಹಿಮ್ಮೇಳ ಬರೀ ಹಿಂದೆ ಕೂತು ಜೊತೆ ಕೊಡುವುದಲ್ಲ. ಆಟ ನಡೆಸುವವರೇ ಹಿಮ್ಮೇಳದಲ್ಲಿ ಹಾಡುವ ಭಾಗವತರು. ವೇಷ ಯಾವಾಗ ಬರಬೇಕು, ಕುಣಿತ ಎಲ್ಲಿ ಏರಬೇಕು, ಎಲ್ಲ ಅವರ ಹಾಡು, ತಾಳದ ಮೇಲೆ ನಿಂತಿದೆ. ಜಾರ್ ಸಂಗೀತವೂ ಚಿತ್ರವನ್ನು ಹೀಗೇ ನಡೆಸುತ್ತದೆ ಅಂತ ನನ್ನ ನಂಬಿಕೆ.

ಒಂದೇ ಅನುಮಾನ. ‘ಹಿಮ್ಮೇಳ’ ಮೂಲದಲ್ಲಿ ಕೂತು ಹಾಡುವ, ನುಡಿಸುವ ಜನರ ಹೆಸರು. ಕರಾವಳಿ, ಮಲೆನಾಡಿನವರು ದಯವಿಟ್ಟು ಹೇಳಿ: ಬರೀ ಆ ನಾದಕ್ಕೂ ಈ ಪದ ನಿಮ್ಮ ಮಾತಿನಲ್ಲಿ ಸಲೀಸಾಗಿ ಬರುತ್ತದೆಯೇ? ‘ಈ ಚಿತ್ರದ ಹಿಮ್ಮೇಳ ಮೊರಿಸ್ ಜಾರ್ ಅವರದು’ ಅಂತ ಬರೆದರೆ ಕಿವಿಗೆ ಒಗ್ಗುತ್ತದೆಯೇ, ಅಥವಾ ಜಾರ್ ಅವರೇ ಚಂಡೆ ಹಿಡಿದು ಕೂತಿದ್ದರು ಅಂತ ಅರ್ಥವಾಗುತ್ತದೆಯೇ?