ಮಿನೆಸ್ಟ್ರೋನೆ: ಎಂಟು ಗಂಟೆ ಬೇಯಿಸಿದರೂ ಕಾಳು ಗಟ್ಟಿ, ಏನು ತಪ್ಪಾಗುತ್ತಿದೆ?

ಬೋಗುಣಿ
ಮಿನೆಸ್ಟ್ರೋನೆ, ಅಂದರೆ ಕಾಳು ಹಾಕುವ ಇಟಲಿಯ ತರಕಾರಿ ಸೂಪ್, ಮೂರನೇ ಸಲ ಕೆಟ್ಟಿತು. ಕ್ಯಾರೆಟ್ ಎಲ್ಲಾ ಕರಗಿ ಹೋಗಿದೆ, ಕಾಳು ಮಾತ್ರ ಹಲ್ಲಿಗೆ ಕಟಕ್ ಅನ್ನುತ್ತದೆ. ರಾತ್ರಿಯೆಲ್ಲಾ ನೆನೆಸಿದ್ದೆ. ಈರುಳ್ಳಿ, ಕ್ಯಾರೆಟ್, ಸೆಲರಿ ಮೂರನ್ನೂ ಆಲಿವ್ ಎಣ್ಣೆಯಲ್ಲಿ ಸಣ್ಣ ಉರಿಯಲ್ಲಿ ಹುರಿದೆ. ಪಾರ್ಮೆಸಾನ್ ಚೀಸ್‌ನ ಗಟ್ಟಿ ಅಂಚು ಕೂಡ ಹಾಕಿದೆ. ಎಂಟು ಗಂಟೆ ಬೇಯಿಸಿದ್ದೇನೆ. ಇನ್ನೇನು ಮಾಡಬೇಕು? ಇನ್ನೊಂದು ಪಾತ್ರೆ ಸೂಪ್ ಚೆಲ್ಲಲು ಮನಸ್ಸಿಲ್ಲ.

ಹಳೇಡಬ್ಬಿ
ಕಾಳು ಹಳೆಯದು. ಬಿಸಿ, ತೇವ ಇರುವ ಕಡೆ ತುಂಬಾ ದಿನ ಇಟ್ಟ ಕಾಳು ಎಷ್ಟು ಬೇಯಿಸಿದರೂ ಮೆತ್ತಗಾಗುವುದಿಲ್ಲ.

ಬೋಗುಣಿ
ಹೊಸ ಪ್ಯಾಕೆಟ್ ಸರ್. ಈ ವಾರವೇ ತಂದದ್ದು.

ಹಳೇಡಬ್ಬಿ
ಪ್ಯಾಕೆಟ್ ಹೊಸದು ಅಂದರೆ ಕಾಳು ಹೊಸದು ಅಂತ ಅಲ್ಲ. ಕೊಯ್ಲಾಗಿ ಎಷ್ಟು ವರ್ಷ ಆಯಿತೋ ಯಾರಿಗೆ ಗೊತ್ತು? ನೆನೆಸಿದ ಮೇಲೆ ಸಿಪ್ಪೆ ಸುಕ್ಕಾಗಿ, ಒಳಗೆ ಉಬ್ಬದೆ ಉಳಿದ ಕಾಳು ಎಷ್ಟಿತ್ತು? ಅದನ್ನು ಎಣಿಸಿ ಹೇಳಿ.

ಮರದ_ಸೌಟು
ನನಗೆ ನೀರಿನ ಮೇಲೇ ಅನುಮಾನ. ಕೆಟಲ್ ಒಳಗೆ ಬಿಳಿ ಪದರ ಕಟ್ಟುತ್ತದಾ? ಗಡಸು ನೀರಿನ ಕ್ಯಾಲ್ಸಿಯಂ, ಮೆಗ್ನೀಸಿಯಂ ಕಾಳಿನ ಪೆಕ್ಟಿನ್ ಅನ್ನು, ಅಂದರೆ ಕಾಳಿನ ಕೋಶಗಳನ್ನು ಅಂಟಿಸಿಡುವ ವಸ್ತುವನ್ನು, ಬಿಗಿಯಾಗಿ ಹಿಡಿದುಬಿಡುತ್ತವೆ. ಒಂದು ಲೀಟರ್ ನೀರಿಗೆ 15 ಗ್ರಾಂ ಉಪ್ಪು ಹಾಕಿ ರಾತ್ರಿ ನೆನೆಸಿ, ಬೆಳಿಗ್ಗೆ ಆ ನೀರು ಚೆಲ್ಲಿ. ಸಿಪ್ಪೆಯಲ್ಲಿರುವ ಕ್ಯಾಲ್ಸಿಯಂ ಜಾಗಕ್ಕೆ ಸೋಡಿಯಂ ಬಂದು ಕೂರುತ್ತದೆ, ಸಿಪ್ಪೆ ಮೆತ್ತಗಾಗುತ್ತದೆ.

ದಪ್ಪ_ತಳ
ಉಪ್ಪಾ? ಉಪ್ಪು ಹಾಕಿದರೆ ಕಾಳು ಗಡಸಾಗುತ್ತದೆ. ಚಿಕ್ಕಂದಿನಿಂದ ಕೇಳಿದ ಮಾತು. ಅಡುಗೆ ಎಲ್ಲಾ ಮುಗಿದ ಮೇಲೆ ಉಪ್ಪು ಹಾಕಬೇಕು.

ಮರದ_ಸೌಟು
ಕೇಳಿದ ಮಾತು ಬೇರೆ, ಮಾಡಿ ನೋಡಿದ್ದು ಬೇರೆ. ಉಪ್ಪು ನೀರಲ್ಲಿ ನೆನೆಸಿದ ಕಾಳು ಒಡೆಯುವುದಿಲ್ಲ, ಒಳಗಿನವರೆಗೂ ರುಚಿ ಹಿಡಿದಿರುತ್ತದೆ. ನೀವು ಒಂದು ಸಲವಾದರೂ ಮಾಡಿ ನೋಡಿದ್ದೀರಾ?

ದಪ್ಪ_ತಳ
ನನಗೆ ಅದರ ಅಗತ್ಯವೇ ಬಂದಿಲ್ಲ. ನನ್ನದು ಎನಾಮೆಲ್ ಹಚ್ಚಿದ ಎರಕದ ಕಬ್ಬಿಣದ ಪಾತ್ರೆ, ಐದೂವರೆ ಲೀಟರಿನದು. ಮುಚ್ಚಳ ಒಂದನ್ನೇ ಎತ್ತಲು ಎರಡು ಕೈ ಬೇಕು. ಒಮ್ಮೆ ಕುದಿ ಬಂದರೆ ಸಣ್ಣ ಉರಿಯಲ್ಲೂ ಕುದಿ ಬಿಡುವುದಿಲ್ಲ. ಒಂಬತ್ತು ವರ್ಷದಿಂದ ಅದರಲ್ಲೇ ಕಾಳು ಬೇಯಿಸುತ್ತಿದ್ದೇನೆ, ತಳ ಒಂದು ಸಲವೂ ಹಿಡಿದಿಲ್ಲ.

ಒಗ್ಗರಣೆ_ಬೇಡ
ನನ್ನ ಹತ್ತಿರ ಅದೇ ಥರದ ಏಳು ಲೀಟರಿನದು ಇದೆ. ಇಂಡಕ್ಷನ್ ಮೇಲೂ ಚೆನ್ನಾಗಿ ಕೂರುತ್ತದೆ. ಫೋಟೋ ಆಮೇಲೆ ಹಾಕುತ್ತೇನೆ. ಅಂದ ಹಾಗೆ ಬೋಗುಣಿಯವರೇ, ಪಾಸ್ತಾ ಹಾಕಿದ್ರಾ, ಅಕ್ಕಿನಾ? ಪಾಸ್ತಾ ಇಲ್ಲದಿದ್ದರೆ ಅದು ಮಿನೆಸ್ಟ್ರೋನೆ ಅಲ್ಲ.

ಲಿಗೂರಿಯಾ_ದಾರಿ
ಯಾರು ಹೇಳಿದ್ದು? ಮಿಲಾನ್ ಕಡೆ ಅಕ್ಕಿ ಹಾಕುತ್ತಾರೆ. ಲಿಗೂರಿಯಾದಲ್ಲಿ ಕೊನೆಗೆ ಒಂದು ಚಮಚ ಪೆಸ್ಟೋ, ಅಂದರೆ ಬೇಸಿಲ್ ಎಲೆಯ ಚಟ್ನಿ, ಕಲಸುತ್ತಾರೆ. ಟಸ್ಕನಿಯ ರಿಬೊಲ್ಲಿತಾ ಅನ್ನುವ ಸೂಪಿನಲ್ಲಿ ಹಳೆ ಬ್ರೆಡ್ಡೇ ಮುಖ್ಯ, ಹೆಸರಿನ ಅರ್ಥವೇ ಮತ್ತೆ ಕುದಿಸಿದ್ದು ಅಂತ. ಮಿನೆಸ್ಟ್ರಾ ಅಂದರೆ ಸೂಪ್, ಮಿನೆಸ್ಟ್ರೋನೆ ಅಂದರೆ ದೊಡ್ಡ ಸೂಪ್. ಋತುವಿಗೆ ಸಿಕ್ಕಿದ ತರಕಾರಿ ಹಾಕುವ ಅಡುಗೆಗೆ ಒಂದೇ ಪಟ್ಟಿ ಎಲ್ಲಿಂದ ಬರಬೇಕು?

ಒಗ್ಗರಣೆ_ಬೇಡ
ಅಕ್ಕಿ ಹಾಕಿದ್ದು ಗಂಜಿಯ ಥರ ಆಗುತ್ತದೆ. ನಾನು ಒಪ್ಪುವುದಿಲ್ಲ.

ಹಳೇಡಬ್ಬಿ
ಸುಕ್ಕಾದ ಕಾಳು ಎಷ್ಟು ಅಂತ ಇನ್ನೂ ಹೇಳಿಲ್ಲ.

ಮಂದ_ಉರಿ
ಸ್ವಲ್ಪ ನಿಲ್ಲಿ, ಮೂಲ ಪ್ರಶ್ನೆಗೆ ಬರೋಣ. ಬೋಗುಣಿಯವರೇ, ಎಂಟು ಗಂಟೆ ಬೇಯಿಸಿದ್ದು ಯಾವುದರಲ್ಲಿ? ಯಾವ ಕಾಳು? ಟೊಮೇಟೊ ಯಾವಾಗ ಹಾಕಿದ್ರಿ?

ಬೋಗುಣಿ
ಸ್ಲೋ ಕುಕ್ಕರ್, ಗಂಟೆಗಟ್ಟಲೆ ಸಣ್ಣ ಶಾಖದಲ್ಲಿ ಬೇಯಿಸುವ ಕರೆಂಟಿನ ಪಾತ್ರೆ. ಲೋ ನಲ್ಲಿ, ಅಂದರೆ ಕಡಿಮೆ ಶಾಖದಲ್ಲಿ. ಅದು ಗೊತ್ತೇ ಇರುತ್ತದೆ ಅಂದುಕೊಂಡೆ, ಎಂಟು ಗಂಟೆ ಅಂದೆನಲ್ಲ. ಇಟಲಿಯವರು ಬಳಸುವ ಬೊರ್ಲೊಟ್ಟಿ ಕಾಳು ಸಿಗಲಿಲ್ಲ, ಕೆಂಪು ರಾಜ್ಮಾ ಹಾಕಿದೆ. ಟೊಮೇಟೊ ಮೊದಲೇ, ಎರಡು ಟಿನ್, ಎಲ್ಲಾ ಒಟ್ಟಿಗೆ.

ಮಂದ_ಉರಿ
ಆ ಸೂಪನ್ನು ಯಾರಾದರೂ ತಿಂದಿದ್ದೀರಾ?

ಬೋಗುಣಿ
ಮೊದಲ ಸಲ ಮಾಡಿದಾಗ ನಾನೂ ನನ್ನ ತಮ್ಮನೂ ಒಂದೊಂದು ಬಟ್ಟಲು ತಿಂದೆವು. ಎರಡು ಗಂಟೆಯೊಳಗೆ ಇಬ್ಬರಿಗೂ ವಾಂತಿ. ಸಂಜೆಗೆ ಸರಿಯಾಯಿತು. ಚೀಸ್ ಹಳೆಯದಿತ್ತು, ಅದರಿಂದ ಅಂತ ಸುಮ್ನೆ ಬಿಟ್ಟೆವು. ಯಾಕೆ?

ಮಂದ_ಉರಿ
ಚೀಸ್‌ಗಿಂತ ಕಾಳಿನ ಮೇಲೇ ನನಗೆ ಅನುಮಾನ. ದಯವಿಟ್ಟು ಫ್ರಿಜ್‌ನಲ್ಲಿ ಉಳಿದದ್ದು ಇದ್ದರೆ ಚೆಲ್ಲಿಬಿಡಿ. ಹಸಿ ರಾಜ್ಮಾದಲ್ಲಿ ಫೈಟೋಹೀಮಾಗ್ಲುಟಿನಿನ್ ಅನ್ನುವ ಪ್ರೋಟೀನ್ ಇರುತ್ತದೆ, ಕೆಂಪು ಕಾಳಿನಲ್ಲಿ ಜಾಸ್ತಿ. ನಾಲ್ಕೈದು ಕಾಳು ಸಾಕು ಹೊಟ್ಟೆ ಕೆಡಲು. ಅದು ನಾಶವಾಗಬೇಕಾದರೆ ಕಾಳು ಜೋರಾಗಿ ಕುದಿಯಲೇಬೇಕು. ಲೋ ನಲ್ಲಿ ಎಷ್ಟೋ ಸಲ ಕುದಿಯೇ ಬರುವುದಿಲ್ಲ. ಹಾಗೆ ಅರೆಬೆಂದ ಕಾಳು ಹಸಿ ಕಾಳಿಗಿಂತಲೂ ಕೆಟ್ಟದ್ದು. ಅಮೆರಿಕದ ಆಹಾರ ಮತ್ತು ಔಷಧ ಆಡಳಿತದ ಸಲಹೆ ಹೀಗಿದೆ: ಕನಿಷ್ಠ 5 ಗಂಟೆ ನೆನೆಸಿ, ನೀರು ಚೆಲ್ಲಿ, ಹೊಸ ನೀರಲ್ಲಿ 30 ನಿಮಿಷ ಕುದಿಸಿ.

ಗಟ್ಟಿ ಉಳಿಯಲು ಟೊಮೇಟೊ ಇನ್ನೊಂದು ಕಾರಣ. ಹುಳಿಯಲ್ಲಿ ಪೆಕ್ಟಿನ್ ಬೇಗ ಬಿಡುವುದಿಲ್ಲ. ಕಾಳು ಪೂರ್ತಿ ಮೆತ್ತಗಾದ ಮೇಲೇ ಟೊಮೇಟೊ ಹಾಕಿ.

ಹಳೇಡಬ್ಬಿ
ಹಳೆ ಕಾಳಾದರೆ ಟೊಮೇಟೊ ಇರಲಿ ಬಿಡಲಿ, ಬೇಯುವುದಿಲ್ಲ.

ಬೋಗುಣಿ
ಓದಿ ಕೈಕಾಲು ತಣ್ಣಗಾಯಿತು. ಎಲ್ಲಾ ಚೆಲ್ಲಿದೆ. ಕುಕ್ಕರ್‌ಗೆ ಬರೀ ನೀರು ಹಾಕಿ, ಲೋ ನಲ್ಲಿಟ್ಟು ನಾಲ್ಕು ಗಂಟೆ ಆದ ಮೇಲೆ ಥರ್ಮಾಮೀಟರ್ ಇಳಿಬಿಟ್ಟೆ. 78 ಡಿಗ್ರಿ.

ಬೋಗುಣಿ
ಎರಡು ದಿನ ಬಿಟ್ಟು ಬರೆಯುತ್ತಿದ್ದೇನೆ. ಅದೇ ಪ್ಯಾಕೆಟ್, ಅದೇ ನಲ್ಲಿ ನೀರು, ಸೌಟು ಸರ್ ಹೇಳಿದ ಉಪ್ಪಿನ ಅಳತೆ. ನೆನೆಸಿದ ನೀರು ಚೆಲ್ಲಿ, ಹೊಸ ನೀರಲ್ಲಿ ಅರ್ಧ ಗಂಟೆ ಜೋರಾಗಿ ಕುದಿಸಿದೆ. ಆಮೇಲೆ ಎರಡು ಸಣ್ಣ ಪಾತ್ರೆಗೆ ಹಂಚಿದೆ, ಒಂದಕ್ಕೆ ಮಾತ್ರ ಟೊಮೇಟೊ. ಎರಡೂ ಒಂದೇ ಉರಿಯಲ್ಲಿ.

ಇನ್ನೊಂದು ಗಂಟೆ ಆದಾಗ ಟೊಮೇಟೊ ಇಲ್ಲದ ಪಾತ್ರೆಯ ಕಾಳನ್ನು ಹೆಬ್ಬೆರಳಲ್ಲಿ ಒತ್ತಿದೆ. ಪಿಚಕ್ ಅಂತ ಬೆಣ್ಣೆ ಹಾಗೆ ಹರಡಿತು, ಸಿಪ್ಪೆ ಬೆರಳಿಗೆ ಅಂಟಿತು. ಟೊಮೇಟೊ ಹಾಕಿದ್ದರಲ್ಲಿ ಕಾಳು ಎರಡು ಹೋಳಾಯಿತು, ನಡುವೆ ಇನ್ನೂ ಸುಣ್ಣದ ಥರ ಬಿಳಿ. ಮೆತ್ತಗಿದ್ದ ಪಾತ್ರೆಗೆ ತರಕಾರಿ, ಆಮೇಲೆ ಟೊಮೇಟೊ ಹಾಕಿ ಇಪ್ಪತ್ತೈದು ನಿಮಿಷ. ಕ್ಯಾರೆಟ್ ಕ್ಯಾರೆಟ್ಟಾಗಿಯೇ ಉಳಿಯಿತು. ತಮ್ಮ ಎರಡು ಬಟ್ಟಲು ಕುಡಿದ. ಮಂದ_ಉರಿಯವರೇ, ನೀವು ಕೇಳದಿದ್ದರೆ ನಾನು ನಾಲ್ಕನೇ ಸಲವೂ ಲೋ ನಲ್ಲೇ ಇಡುತ್ತಿದ್ದೆ.

ಇನ್ನೊಂದು ಪ್ರಶ್ನೆ. ಪಾಸ್ತಾ ಸೂಪಲ್ಲೇ ಬೇಯಿಸಿದ್ದೆ. ಬೆಳಿಗ್ಗೆ ನೋಡಿದರೆ ರಸವನ್ನೆಲ್ಲಾ ಅದೇ ಹೀರಿಕೊಂಡು ಮುದ್ದೆಯಾಗಿತ್ತು.

ಲಿಗೂರಿಯಾ_ದಾರಿ
ಬೇರೆ ಪಾತ್ರೆಯಲ್ಲಿ ಬೇಯಿಸಿ, ಬಡಿಸುವಾಗ ಬಟ್ಟಲಿಗೆ ಹಾಕಿ.

ಒಗ್ಗರಣೆ_ಬೇಡ
ಬೇಡ, ಸೂಪಲ್ಲೇ ಬೇಯಬೇಕು. ಪಾಸ್ತಾದ ಪಿಷ್ಟದಿಂದಲೇ ರಸ ಗಟ್ಟಿಯಾಗುವುದು.

ದಪ್ಪ_ತಳ
ಏಳು ಲೀಟರಿನ ಪಾತ್ರೆಯ ಫೋಟೋ ಇನ್ನೂ ಬಂದಿಲ್ಲ.