ಹೌಟನ್ ಹಾಲ್: ಯಾವ ಚಿತ್ರ ಯಾವ ಗೋಡೆಯಲ್ಲಿತ್ತು ಎಂದು ಪತ್ತೆ ಹಚ್ಚುವುದು ಹೇಗೆ?

ಪ್ರಶ್ನೆ:
ಇಂಗ್ಲೆಂಡಿನ ನಾರ್ಫಕ್‌ನಲ್ಲಿ ಬ್ರಿಟನ್ನಿನ ಮೊದಲ ಪ್ರಧಾನಿ ಎನಿಸಿಕೊಂಡ ರಾಬರ್ಟ್ ವಾಲ್‌ಪೋಲ್ ಕಟ್ಟಿಸಿದ ಬಂಗಲೆ ಇದು. 1779ರಲ್ಲಿ ಅವರ ಮೊಮ್ಮಗ ಸುಮಾರು 200 ಚಿತ್ರಗಳನ್ನು 40 ಸಾವಿರ ಪೌಂಡಿಗೂ ಹೆಚ್ಚಿನ ಬೆಲೆಗೆ ರಷ್ಯಾದ ಮಹಾರಾಣಿ ಕ್ಯಾಥರೀನ್‌ಗೆ ಮಾರಿದ. 2013ರಲ್ಲಿ ಸುಮಾರು 70 ಕೃತಿಗಳು ಕೆಲವು ತಿಂಗಳ ಮಟ್ಟಿಗೆ ಅದೇ ಕೋಣೆಗಳಿಗೆ ಮರಳಿದವು. ಜಾಗ ಗುರುತಿಸಿದ್ದು ಹೇಗೆ? ಇಷ್ಟು ಹಳೆಯ ಮನೆಯಲ್ಲಿ ತೂಗುಹಾಕುವಾಗ ಯಾವುದಕ್ಕೆ ಎಚ್ಚರ ಬೇಕು?

ಉತ್ತರ 1:
ಮೊದಲ ಆಧಾರ, ವಾಲ್‌ಪೋಲ್ ಅವರ ಮಗ ಹೊರೇಸ್ ಬರೆದ 1747ರ ಕ್ಯಾಟಲಾಗ್. ಕೋಣೆ ಕೋಣೆಯ ಚಿತ್ರಗಳನ್ನು ಅಳತೆ ಸಮೇತ ಬರೆದಿಟ್ಟಿದ್ದಾರೆ. ತೂಗುಹಾಕುವ ಹಳೆಯ ನಕ್ಷೆಗಳೂ ಮನೆಯಲ್ಲೇ ಸಿಕ್ಕವು. ಆದರೆ ಅಳತೆಯೊಂದನ್ನೇ ನಂಬಬೇಡಿ. ಕ್ಯಾನ್ವಾಸನ್ನು ಆಮೇಲೆ ಕತ್ತರಿಸಿರಬಹುದು, ಅಂಚಿಗೆ ಬಟ್ಟೆಯ ಪಟ್ಟಿ ಸೇರಿಸಿರಬಹುದು. ಆ ಕಾಲದ ಲಂಡನ್ ಪ್ರಕಾಶಕ ಬಾಯ್ಡೆಲ್ ಈ ಸಂಗ್ರಹವನ್ನು ನೋಡಿ ಅಚ್ಚು ಹಾಕಿಸಿದ ಕೆತ್ತನೆ ಚಿತ್ರಗಳ ಜೊತೆ ಹೋಲಿಸಿ ನೋಡಿ. ಕೆತ್ತನೆಯಲ್ಲಿ ಎಡಬಲ ಅದಲುಬದಲಾಗಿರುವುದು ಮಾಮೂಲು.

ಕಲಾವಿದನ ಹೆಸರು ಹಿಡಿದು ಹುಡುಕಿದರೂ ದಾರಿ ತಪ್ಪುತ್ತದೆ. ವಾಲ್‌ಪೋಲ್ ಮನೆಯಲ್ಲಿ ಸ್ಪೇನಿನ ಕಲಾವಿದ ವೆಲಾಸ್ಕೆಸ್ ಕೃತಿ ಎನಿಸಿಕೊಂಡಿದ್ದ ಪೋಪ್ ಹತ್ತನೇ ಇನ್ನೊಸೆಂಟ್ ಭಾವಚಿತ್ರವನ್ನು ಈಗ ಆ ಕಲಾವಿದನ ಬಳಗದವರದ್ದು ಎನ್ನುತ್ತಾರೆ. ಕ್ಯಾಥರೀನ್ ಸಂಗ್ರಹದಿಂದ ಬೆಳೆದ ರಷ್ಯಾದ ಹರ್ಮಿಟೇಜ್ ಮ್ಯೂಸಿಯಂನಲ್ಲೂ ಅದು ಇಲ್ಲ. 1930ರ ದಶಕದ ಆರಂಭದಲ್ಲಿ ಸೋವಿಯತ್ ಸರ್ಕಾರ ಮಾರಿದ ಚಿತ್ರಗಳಲ್ಲಿ ಅದೂ ಒಂದು, ಈಗಿರುವುದು ವಾಷಿಂಗ್ಟನ್‌ನಲ್ಲಿ. ಹಾಗಾಗಿ 1779ರ ಪಟ್ಟಿಯ ಪ್ರತಿ ಚಿತ್ರದ ಮುಂದಿನ ಮಾರಾಟಗಳನ್ನೂ ಬೆನ್ನು ಹತ್ತಲೇಬೇಕು.

ಉತ್ತರ 2:
ತೂಗುಹಾಕುವ ವಿಚಾರಕ್ಕೆ ಬರೋಣ. ಇಲ್ಲಿನ ಸಲೂನಿನ (ಅತಿಥಿಗಳನ್ನು ಬರಮಾಡಿಕೊಳ್ಳುವ ದೊಡ್ಡ ಕೋಣೆ) ಗೋಡೆಗೆ ಹೊದಿಸಿರುವ ಕೆಂಪು ಉಣ್ಣೆಯ ಮಖಮಲ್ಲು ವಾಲ್‌ಪೋಲ್ ಕಾಲದ್ದೇ. ಅಂಥ ಬಟ್ಟೆಗೆ ಹೊಸ ಮೊಳೆ ಹೊಡೆದರೆ ನೂಲು ಹರಿದು ತೂತು ದೊಡ್ಡದಾಗುತ್ತಾ ಹೋಗುತ್ತದೆ. ಗೋಡೆಯ ಮೇಲಂಚಿನಲ್ಲಿ ಚಿತ್ರ ತೂಗುಹಾಕಲೆಂದು ಇರುವ ಅಡ್ಡಪಟ್ಟಿಯಿಂದ (ರೈಲು) ಸರಪಳಿ ಇಳಿಬಿಡಿ, ಚೌಕಟ್ಟಿನ ಕೆಳಮೂಲೆಗಳ ಹಿಂದೆ ಮೆತ್ತೆ ಕೊಡಿ. ರೈಲು ಎಷ್ಟು ಭಾರ ತಡೆಯುತ್ತದೆ ಎಂದು ಎಂಜಿನಿಯರ್ ಹೇಳಲಿ, ಅಂದಾಜು ಬೇಡ.

ಚಿತ್ರಗಳನ್ನು ಎರವಲು ಕೊಡುವ ಮ್ಯೂಸಿಯಂಗಳು ಸಾಮಾನ್ಯವಾಗಿ ಆರ್ದ್ರತೆ ಶೇ. 50ರ ಆಸುಪಾಸಿನಲ್ಲಿ ಸ್ಥಿರವಾಗಿರಬೇಕು, ತೈಲಚಿತ್ರಕ್ಕೆ ಬೆಳಕು 200 ಲಕ್ಸ್ (ಬೆಳಕಿನ ತೀವ್ರತೆಯ ಅಳತೆ) ದಾಟಬಾರದು ಎನ್ನುತ್ತವೆ. ಗೋಡೆಯ ಬಟ್ಟೆಗೆ 50 ಲಕ್ಸ್ ಸಾಕು. ಒಂದೇ ಕೋಣೆಯಲ್ಲಿ ಎರಡೂ ಇರುವಾಗ ಪರದೆ ಇಳಿಸಿ, ದೀಪವನ್ನು ಚಿತ್ರದ ಮೇಲಷ್ಟೇ ಬಿಡಿ. ಚಳಿಗಾಲದಲ್ಲಿ ಹೀಟರ್ ಏರಿಸಿದರೆ ಗಾಳಿ ಒಣಗಿ, ಮರದ ಹಲಗೆಯ ಮೇಲೆ ಬರೆದ ಚಿತ್ರಗಳು ಬಾಗುತ್ತವೆ, ಬಣ್ಣ ಎದ್ದು ಬರುತ್ತದೆ. ಬಂದ ಪೆಟ್ಟಿಗೆಗಳನ್ನು 24 ಗಂಟೆ ಅದೇ ಕೋಣೆಯಲ್ಲಿ ಬಿಟ್ಟು ಆಮೇಲೆ ತೆರೆಯಿರಿ. ಪೆಟ್ಟಿಗೆ ಮಾಡಿಸುವ ಮುಂಚೆಯೇ ಬಾಗಿಲು, ಮೆಟ್ಟಿಲ ತಿರುವಿನ ಅಳತೆ ತೆಗೆದಿರಿ.

ಉತ್ತರ 3:
ಕಾನೂನಿನ ಕೆಲಸ ಇದಕ್ಕೂ ಮೊದಲು ಶುರುವಾಗಬೇಕು. ಬಂದ ಚಿತ್ರವನ್ನು ಯಾರಾದರೂ ಕೋರ್ಟಿನ ಮೂಲಕ ಜಪ್ತಿ ಮಾಡಿಸಿಯಾರು ಎಂಬ ಭಯವಿದ್ದರೆ ಯಾವ ಮ್ಯೂಸಿಯಮ್ಮೂ ಎರವಲು ಕೊಡುವುದಿಲ್ಲ. ಬ್ರಿಟನ್ನಿನ 2007ರ ಕಾಯ್ದೆ ವಿದೇಶದಿಂದ ಬಂದ ಕೃತಿಗಳಿಗೆ ಸಾಮಾನ್ಯವಾಗಿ 12 ತಿಂಗಳವರೆಗೆ ರಕ್ಷಣೆ ಕೊಡುತ್ತದೆ, ಆದರೆ ಮಾನ್ಯತೆ ಪಡೆದ ಮ್ಯೂಸಿಯಂ ಅಥವಾ ಗ್ಯಾಲರಿಯ ಪ್ರದರ್ಶನಕ್ಕೆ ಬಂದಿದ್ದರೆ ಮಾತ್ರ. ಕೃತಿಯ ವಿವರ, ಹಿಂದಿನ ಒಡೆಯರ ಪಟ್ಟಿ ಮೊದಲೇ ಪ್ರಕಟವಾಗಿರಬೇಕು. ಅಂದರೆ ಮೊದಲ ಉತ್ತರದಲ್ಲಿ ಹೇಳಿದ ಹುಡುಕಾಟ ಮುಗಿಯದೆ ಈ ವಿವರಗಳನ್ನು ಪ್ರಕಟಿಸಲಾಗದು.